ಸ್ಟಾರ್ಟರ್ ಮೇಲೆ ನಾನು ಬರೆದ ಎರಡು ಪದ

ನಾನು ಓದು ಬಿಟ್ಟಿದ್ದು 1983ರಲ್ಲಿ, ಏಳನೇ ತರಗತಿಯ ಪರೀಕ್ಷೆಗೆ ಇನ್ನೂ ಎರಡು ತಿಂಗಳಿರುವಾಗ. ಯಾರೂ ಬಿಡಿಸಲಿಲ್ಲ, ನಾನೇ ಬಿಟ್ಟೆ. ಕೂಡ್ಲಿಗಿ ರಸ್ತೆಯಲ್ಲಿ ಕೆಟ್ಟು ನಿಂತ ಲಾರಿಯೊಂದರ ಎಂಜಿನ್ನನ್ನು ಇಬ್ಬರು ಬಿಚ್ಚಿ ಜೋಡಿಸುತ್ತಿದ್ದರು. ಎರಡು ದಿನ ಅಲ್ಲೇ ಕುಳಿತು ನೋಡಿದೆ, ಮೂರನೇ ದಿನ ಅದೇ ಲಾರಿ ಹತ್ತಿ ಕೊಟ್ಟೂರಿಗೆ ಹೋದೆ. ಹದಿಮೂರು ವರ್ಷ ಬೇರೆಯವರ ಗ್ಯಾರೇಜಿನಲ್ಲಿ ದುಡಿದು, 1996ರಲ್ಲಿ ಹೂವಿನಹಡಗಲಿಯಲ್ಲಿ ನನ್ನದೇ ಶೆಡ್ ಹಾಕಿದೆ. ಓದಿದವರು ಬಾನೆಟ್ ಎತ್ತಿ ಸುಮ್ಮನೆ ನೋಡುತ್ತಾ ನಿಲ್ಲುತ್ತಿದ್ದರು. ನಾನು ಸದ್ದು ಕೇಳಿಯೇ ರೋಗ ಹೇಳುತ್ತಿದ್ದೆ, ಹೇಳಿದ್ದು ತಪ್ಪುತ್ತಿರಲಿಲ್ಲ. ಆ ಜಂಬದಲ್ಲಿ ನಾಲ್ಕನೇ ವರ್ಷ ನಡೆಯುತ್ತಿದ್ದಾಗ, 1999ರಲ್ಲಿ, ನಡೆದ ಒಂದು ಕೆಲಸದ ಕಥೆ ಇದು. ಇಪ್ಪತ್ತೈದು ವರ್ಷ ಕಳೆದರೂ ಇದನ್ನು ಹೇಳುವಾಗ ತಲೆ ತಗ್ಗುತ್ತದೆ.

ಕೊಟ್ರಮ್ಮ ಮಲ್ಲಿಗೆ ವ್ಯಾಪಾರ ಮಾಡುವ ಹೆಂಗಸು. ಗಂಡ ತೀರಿಕೊಂಡ ಮೇಲೆ ಅವನ ಹಳೆಯ ಪೆಟ್ರೋಲ್ ಅಂಬಾಸಿಡರ್ ಕಾರನ್ನು ಮಾರದೆ ತಾನೇ ಓಡಿಸಲು ಕಲಿತವಳು. ಹಿಂದಿನ ಸೀಟು ತೆಗೆಸಿ, ಹೂವಿನ ಬುಟ್ಟಿಗಳನ್ನು ಪೇರಿಸಿ, ನೀರು ಚಿಮುಕಿಸಿಕೊಂಡು ಬೆಳಗ್ಗೆ ಹರಪನಹಳ್ಳಿಗೆ ಹೋಗುತ್ತಿದ್ದಳು. ಮೊಗ್ಗು ಬಿರಿಯುವುದರೊಳಗೆ ಮುಟ್ಟಬೇಕು. ಹಾಗಾಗಿ ಅವಳ ಕಾರು ಒಂದೇ ಸಲಕ್ಕೆ ಸ್ಟಾರ್ಟ್ ಆಗಲೇಬೇಕು.

ಆ ಕಾರಿನ ಸ್ಟಾರ್ಟರ್ ಮೋಟಾರನ್ನು ಆ ವರ್ಷದ ಆಗಸ್ಟ್‌ನಲ್ಲಿ ಕಟ್ಟಿಸಿದ್ದೆವು. ಸ್ಟಾರ್ಟರ್ ಎಂದರೆ ಬ್ಯಾಟರಿಯ ಕರೆಂಟಿನಿಂದ ಕೆಲವೇ ಕ್ಷಣ ತಿರುಗಿ ಎಂಜಿನ್ನನ್ನು ಎಬ್ಬಿಸುವ ಮೋಟಾರು. ಒಳಗಿನ ತಾಮ್ರದ ಸುತ್ತು ಸುಟ್ಟರೆ ಬಿಚ್ಚಿ ಹೊಸ ಸುತ್ತು ಹಾಕಬೇಕು, ಅದಕ್ಕೆ ಕಟ್ಟುವುದು ಅನ್ನುತ್ತೇವೆ. ನಮ್ಮ ಕಡೆ ಕಟ್ಟುವವರು ಒಬ್ಬರೇ, ಹಗರಿಬೊಮ್ಮನಹಳ್ಳಿಯ ಮೌನೇಶಪ್ಪ. ಆಗ ಅವರಿಗೆ ಐವತ್ತೆಂಟು. ಒಂದೇ ಕೋಣೆ, ಒಂದು ಮಣೆ. ಕೂಡ್ಲಿಗಿ, ಕೊಟ್ಟೂರು, ಹಡಗಲಿ, ಹರಪನಹಳ್ಳಿ ಎಲ್ಲ ಕಡೆಯಿಂದ ಸ್ಟಾರ್ಟರು, ಡೈನಮೋಗಳು ಬಸ್ಸಿನಲ್ಲೇ ಅವರಲ್ಲಿಗೆ ಹೋಗುತ್ತಿದ್ದವು. ಗೋಣಿಚೀಲದಲ್ಲಿ ಸುತ್ತಿ, ಹೆಸರು ಬರೆದ ರಟ್ಟು ಕಟ್ಟಿ ಕಂಡಕ್ಟರ್ ಕೈಗೆ ಕೊಟ್ಟರೆ ಸಾಕು, ನಾಲ್ಕೈದು ದಿನಕ್ಕೆ ಅದೇ ಬಸ್ಸಿನಲ್ಲಿ ಕೆಲಸ ಮುಗಿದು ವಾಪಸ್ ಬರುತ್ತಿತ್ತು. ಎಷ್ಟೋ ಡ್ರೈವರುಗಳು ಅವರ ಮುಖವನ್ನೇ ನೋಡಿರಲಿಲ್ಲ. ಬರೀ ಕೆಲಸ ನೋಡಿ ನಂಬಿದ್ದರು.

ಅಕ್ಟೋಬರ್‌ನಲ್ಲಿ ಕೊಟ್ರಮ್ಮನ ಕಾರಿಗೆ ಕ್ಲಚ್ ಪ್ಲೇಟ್ ಹಾಕಿದೆ. ಎದುರಿಗೆ ಆಯುಧಪೂಜೆ. ನಮ್ಮ ಗ್ಯಾರೇಜುಗಳಲ್ಲಿ ಆ ಹೊತ್ತಿಗೆ ಬಂದ ಗಾಡಿಗೆ ಬಾನೆಟ್ ಒಳಗೆ ಬೆಳ್ಳಿ ಬಣ್ಣ ಬಳಿದು ಕಳಿಸುವ ರೂಢಿ ಇದೆ. ಪೂಜೆಯ ದಿನ ವಿಭೂತಿ, ಕುಂಕುಮ ಹಚ್ಚಿದಾಗ ಎಂಜಿನ್ ಝಗ್ ಎನ್ನಬೇಕು. ಉಳಿದವರು ಮೇಲೆ ಮೇಲೆ ಬಳಿಯುತ್ತಿದ್ದರು. ನಾನು ಕ್ಲಚ್ಚಿಗಾಗಿ ಗೇರ್‌ಬಾಕ್ಸ್ ಇಳಿಸಿದ್ದವನು, ಛಾಸಿ ಎನ್ನುವ ಅಡಿಯ ಕಬ್ಬಿಣದ ಚೌಕಟ್ಟು, ಬ್ರಾಕೆಟ್ಟು, ಬೋಲ್ಟಿನ ಗುಂಡಿ ಒಂದನ್ನೂ ಬಿಡದೆ ಎರಡು ಕೋಟ್ ಹೊಡೆದೆ. ಕೊಟ್ರಮ್ಮ ಬಗ್ಗಿ ನೋಡಿ, "ಏನೋ ಹಾಲೇಶಿ, ಮದುವಿ ಹೆಣ್ಣು ಮಾಡಿಯಲ್ಲೋ" ಎಂದು ನಕ್ಕಳು. ನಾನು ಉಬ್ಬಿದೆ.

ಮೂರು ವಾರ ಕಳೆದಿತ್ತು. ಒಂದು ಮಧ್ಯಾಹ್ನ ಅವಳು ಹೇಳಿಕಳಿಸಿದಳು. ಗಾಡಿ ಮನೆಯ ಅಂಗಳದಲ್ಲೇ ನಿಂತಿತ್ತು. ಬೆಳಗ್ಗೆ ನಾಲ್ಕು ಜನ ತಳ್ಳಿ ಎಬ್ಬಿಸಿದ್ದರಂತೆ, ಮರಳಿ ಬಂದು ಆರಿಸಿದ ಮೇಲೆ ಮತ್ತೆ ಏಳುತ್ತಿರಲಿಲ್ಲ. ಸ್ವಿಚ್ ಎಳೆದರೆ ಟಕ್ ಎನ್ನುತ್ತದೆ, ಮೋಟಾರು ಒಂದು ಸುತ್ತು ನರಳಿ ನಿಲ್ಲುತ್ತದೆ. ನಾನು ಹೊಸದಾಗಿ ಕೊಂಡ ಮಲ್ಟಿಮೀಟರನ್ನು ಎಲ್ಲರಿಗೂ ಕಾಣುವಂತೆ ತೆಗೆದೆ. ಬ್ಯಾಟರಿಗೆ ಹಿಡಿದರೆ 12.4 ವೋಲ್ಟ್, ಚೆನ್ನಾಗಿದೆ. ಕೆಂಪು ಕಡ್ಡಿಯನ್ನು ಸ್ಟಾರ್ಟರಿನ ದಪ್ಪ ವೈರಿಗೂ ಕಪ್ಪು ಕಡ್ಡಿಯನ್ನು ಬ್ಯಾಟರಿಯ ನೆಗೆಟಿವ್‌ಗೂ ಹಿಡಿದು ಸ್ವಿಚ್ ಎಳೆಯಲು ಹೇಳಿದೆ. ಹನ್ನೊಂದೂವರೆ ವೋಲ್ಟ್. ಕರೆಂಟು ಮೋಟಾರಿನ ಬಾಗಿಲಿಗೆ ಬಂದಿದೆ, ಮೋಟಾರು ತಿರುಗುತ್ತಿಲ್ಲ. ಅಂದಮೇಲೆ ಮೋಟಾರೇ ಕೆಟ್ಟಿದೆ ಎಂದು ತೀರ್ಮಾನ ಕೊಟ್ಟೆ.

ತಣ್ಣಗಿನ ಎಂಜಿನ್ ಎಬ್ಬಿಸಲು ಎಳೆಯುವ ಚೋಕಿನ ಗುಂಡಿಯ ಮೇಲೆ ಬೆರಳಿಟ್ಟು, ಡ್ರೈವರ್ ಸೀಟಿನಿಂದ ಕೊಟ್ರಮ್ಮ ಕೂಗಿದಳು. "ಹಾಲೇಶಿ, ಈ ಚೋಕಿನ ಗುಬುಟು ಸುಡಾಕತ್ತೈತಿ ನೋಡು. ಸ್ವಿಚ್ ಎಳದಾಗೆಲ್ಲಾ ಕಾಯತೈತಿ."

"ಬಿಸಲಾಗ ನಿಂತ ಗಾಡಿ ಕಾಯದ ತಣ್ಣಗಿರತೈತೇನಬೇ? ನೀ ಹೂವು ನೋಡಿಕೋ, ಗಾಡಿ ನಾ ನೋಡಿಕೋತೀನಿ" ಎಂದೆ. ಸುತ್ತ ನಿಂತಿದ್ದವರು ನಕ್ಕರು.

ಸ್ಟಾರ್ಟರ್ ಬಿಚ್ಚಿದ ಮೇಲೆ ನೆಲದ ಮೇಲಿಟ್ಟು, ಕಾಲಿನಿಂದ ಅದುಮಿ, ಬ್ಯಾಟರಿಯಿಂದ ನೇರವಾಗಿ ಎರಡು ವೈರು ಮುಟ್ಟಿಸಿದರೆ ಅದು ಬದುಕಿದೆಯೋ ಸತ್ತಿದೆಯೋ ಒಂದು ನಿಮಿಷದಲ್ಲಿ ಗೊತ್ತಾಗುತ್ತದೆ. ಕೆಲಸ ಕಲಿಯಲು ಬಂದವನಿಗೆ ಮೊದಲ ವಾರ ಹೇಳಿಕೊಡುವ ಪಾಠ. ನಾನು ಮಾಡಲಿಲ್ಲ. ರೋಗ ಇಂಥದ್ದೆಂದು ನಾಲ್ಕು ಜನರ ಮುಂದೆ ಹೇಳಿ ಆಗಿತ್ತು. ಅಂದೇ ಹೊಸ ಸ್ಟಾರ್ಟರ್ ತರಿಸಿ, ಅಡ್ಡ ಬಂದ ವೈರು ಪಟ್ಟಿಗಳನ್ನು ಜಗ್ಗಿ ಸರಿಸಿ, ಅಂಗಳದಲ್ಲೇ ಮಲಗಿ ಜೋಡಿಸಿದೆ. ಗಾಡಿ ಒಂದೇ ಸಲಕ್ಕೆ ಎದ್ದಿತು.

ಇಷ್ಟಕ್ಕೇ ನಿಂತಿದ್ದರೆ ಇದೊಂದು ಸಾಮಾನ್ಯ ತಪ್ಪು. ನಾನು ಹಳೆಯ ಸ್ಟಾರ್ಟರನ್ನು ಹಿಡಿದುಕೊಂಡು ಬಾಡಿಗೆ ಕಾರುಗಳ ಸ್ಟ್ಯಾಂಡಿಗೆ ಹೋದೆ. ಅಲ್ಲಿ ಚಹಾ ಕುಡಿಯುತ್ತಿದ್ದ ಡ್ರೈವರುಗಳಿಗೆ, "ಹೊಸ ತಂತಿ ಸುತ್ತಿಲ್ಲ ಮೌನೇಶಪ್ಪ. ಹಳೇ ತಂತಿಗೇ ವಾರ್ನಿಷ್ ಬಳದು ಕಳಿಸ್ಯಾನ. ಮೂರು ತಿಂಗಳು ಬಾಳಿಲ್ಲ" ಎಂದೆ. ಒಳಗೆ ಬಿಚ್ಚಿ ಕೂಡ ನೋಡಿರಲಿಲ್ಲ. ಕೇಳಿದವರು "ಹೌದಾ?" ಎಂದಾಗ ಇನ್ನಷ್ಟು ಬಿಸಿ ಏರಿತು. ಶೆಡ್ಡಿಗೆ ಬಂದು, ಡಬ್ಬಿಯಲ್ಲಿ ಉಳಿದಿದ್ದ ಬೆಳ್ಳಿ ಬಣ್ಣದಿಂದ ಸ್ಟಾರ್ಟರಿನ ಕಪ್ಪು ಮೈಮೇಲೆ ದಪ್ಪಗೆ ಎರಡು ಪದ ಬರೆದೆ: "ಮೋಸದ ಮಾಲು". ಗೋಣಿಚೀಲ ಸುತ್ತಲಿಲ್ಲ. ಹಾಗೇ ಬತ್ತಲೆಯಾಗಿ ಮೌನೇಶಪ್ಪನ ಹೆಸರಿನ ರಟ್ಟು ಕಟ್ಟಿ, ಬಸ್ಸಿನ ಬಾನೆಟ್ ಪಕ್ಕ ಎಲ್ಲರಿಗೂ ಕಾಣುವಂತೆ ಇಡಿಸಿದೆ. ಹಡಗಲಿಯಿಂದ ಹಗರಿಬೊಮ್ಮನಹಳ್ಳಿಯವರೆಗೆ ಹತ್ತಿ ಇಳಿದವರೆಲ್ಲ ಅದನ್ನು ಓದಿಕೊಂಡು ಹೋದರು. ಕಂಡಕ್ಟರ್ ಬಸ್ ನಿಲ್ದಾಣದಲ್ಲಿ ನಿಂತು, "ಮೌನೇಶಪ್ಪಾ, ನಿನ್ನ ಮೋಸದ ಮಾಲು ಬಂದೈತಿ" ಎಂದು ಕೂಗಿ ಕರೆದನಂತೆ. ಆಮೇಲೆ ಅವನೇ ಬಂದು ನಗುತ್ತಾ ಹೇಳಿದ. ನಾನೂ ನಕ್ಕೆ.

ಮೂರನೇ ದಿನ ಸ್ಟಾರ್ಟರ್ ವಾಪಸ್ ಬಂತು, ಗೋಣಿಚೀಲದಲ್ಲಿ ಸುತ್ತಿಕೊಂಡು. ನಾನು ಬರೆದದ್ದನ್ನು ಅವರು ಅಳಿಸಿರಲಿಲ್ಲ. ಜೊತೆಗೊಂದು ಚೀಟಿ ಇತ್ತು: "ಮೋಟಾರು ಚೆನ್ನಾಗಿ ತಿರುಗುತ್ತದೆ. ಗಾಡಿಯ ಅರ್ಥ್ ನೋಡು." ಮುದುಕ ನನಗೆ ಪಾಠ ಹೇಳುತ್ತಾನೆ ಎಂದು ಚೀಟಿ ಹರಿದೆ, ಸ್ಟಾರ್ಟರನ್ನು ಮೂಲೆಗೆ ಒಗೆದೆ.

ಡಿಸೆಂಬರ್ ಕೊನೆಗೆ ಕೊಟ್ರಮ್ಮನಿಂದ ಮತ್ತೆ ಕರೆ. ಅದೇ ಅಂಗಳ, ಅದೇ ಟಕ್, ಅದೇ ನರಳಾಟ. ಒಳಗಿರುವುದು ಹೊಸ ಸ್ಟಾರ್ಟರ್. ಕೊಟ್ರಮ್ಮ ಸೀಟಿನಲ್ಲಿ ಕುಳಿತು ಸ್ವಿಚ್ ಎಳೆದು ಹಿಡಿದಳು. ಡ್ಯಾಶ್‌ಬೋರ್ಡಿನ ಕೆಳಗೆ ಚೋಕ್ ಕೇಬಲ್ಲಿನಿಂದ ಸಣ್ಣಗೆ ಹೊಗೆ ಎದ್ದಿತು.

"ಇದೂ ಬಿಸಲಿಗೇ ಕಾದೈತೇನು?" ಎಂದಳು. ಬೆಳಗಿನ ಒಂಬತ್ತು ಗಂಟೆ, ಕಾರು ಬೇವಿನ ಮರದ ನೆರಳಲ್ಲಿತ್ತು.

ಆಗ ಎಲ್ಲ ಹೊಳೆಯಿತು. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಬ್ಯಾಟರಿಯಿಂದ ಹೋದ ಕರೆಂಟು ಮೋಟಾರನ್ನು ತಿರುಗಿಸಿ ಬ್ಯಾಟರಿಗೆ ಮರಳಬೇಕು. ಮರಳುವ ದಾರಿಗೆ ಅರ್ಥ್ ಎನ್ನುತ್ತೇವೆ. ಎಂಜಿನ್ ರಬ್ಬರಿನ ಮೇಲೆ ಕುಳಿತಿರುವುದರಿಂದ, ಗೇರ್‌ಬಾಕ್ಸಿನಿಂದ ಛಾಸಿಗೆ ತಾಮ್ರದ ಹೆಣಿಗೆಯ ಒಂದು ಪಟ್ಟಿ ಕಟ್ಟಿರುತ್ತಾರೆ, ಅದೇ ದಾರಿ. ಆ ದಾರಿ ಮುಚ್ಚಿದರೆ ಕರೆಂಟು ಸಿಕ್ಕ ಸಂದಿಯಲ್ಲಿ ನುಗ್ಗುತ್ತದೆ. ಡ್ಯಾಶ್‌ಬೋರ್ಡಿನಿಂದ ಎಂಜಿನ್ನಿಗೆ ಹೋಗುವ ಚೋಕ್ ಕೇಬಲ್ಲಿನಂಥ ತೆಳು ತಂತಿಯಲ್ಲಿ ನುಗ್ಗಿದಾಗ ಅದು ಸುಡುತ್ತದೆ. ಮೊದಲ ದಿನ ಅವಳ ಬೆರಳು ಹೇಳಿದ್ದು ಇದನ್ನೇ. ಮೀಟರಿನ ಕಪ್ಪು ಕಡ್ಡಿಯನ್ನು ನಾನು ಬ್ಯಾಟರಿಗೆ ಹಿಡಿಯದೆ ಎಂಜಿನ್ ಮೈಗೆ ಹಿಡಿದಿದ್ದರೂ ಗೊತ್ತಾಗುತ್ತಿತ್ತು. ಈಗ ಹಿಡಿದೆ. ಹನ್ನೊಂದೂವರೆ ಇದ್ದದ್ದು ಆರಕ್ಕೆ ಬಿತ್ತು.

ಶೆಡ್ಡಿಗೆ ಹೋಗಿ ಮೂಲೆಯಲ್ಲಿದ್ದ ಹಳೆಯ ಸ್ಟಾರ್ಟರ್ ತಂದು, ಅವಳ ಅಂಗಳದ ಕಲ್ಲಿನ ಮೇಲಿಟ್ಟು ಕಾಲಿನಿಂದ ಅದುಮಿ ವೈರು ಮುಟ್ಟಿಸಿದೆ. ಕಾಲು ಕಿತ್ತುಕೊಳ್ಳುವಷ್ಟು ಜೋರಾಗಿ ತಿರುಗಿತು. "ಮೋಸದ ಮಾಲು" ಎಂಬ ಅಕ್ಷರಗಳು ಗಡಗಡ ನಡುಗಿದವು.

ಕಾರಿನ ಕೆಳಗೆ ತೂರಿ ಅರ್ಥ್ ಪಟ್ಟಿಯ ಬೋಲ್ಟ್ ಬಿಚ್ಚಿದೆ. ಪಟ್ಟಿಯ ಅಡಿಯಲ್ಲಿ, ಬರಿಯ ಕಬ್ಬಿಣ ಇರಬೇಕಾದ ಕಡೆ, ಎರಡು ಕೋಟ್ ಬೆಳ್ಳಿ ಬಣ್ಣ. ಅದರ ಮೇಲೇ ಪಟ್ಟಿ ಕೂರಿಸಿ ಬಿಗಿದವನೂ ನಾನೇ. ಮೊದಮೊದಲು ಬೋಲ್ಟಿನ ತಿರುಪಿನ ಎಳೆಗಳಿಂದ ಕರೆಂಟು ಹೇಗೋ ದಾಟಿದೆ. ಬುಟ್ಟಿಗಳಿಂದ ಸೋರಿದ ನೀರು ಬಿದ್ದು ಎಳೆಗಳಿಗೆ ತುಕ್ಕು ಹಿಡಿದಾಗ ನಿಂತಿದೆ. ಹೊಸ ಸ್ಟಾರ್ಟರ್ ಹಾಕುವಾಗ ಪಟ್ಟಿ ಜಗ್ಗಿದ್ದರಿಂದ ಬಣ್ಣ ಗೀಚಿಕೊಂಡು ಮತ್ತೆ ಒಂದೂವರೆ ತಿಂಗಳು ನಡೆದಿದೆ. ಹೊಸ ಸ್ಟಾರ್ಟರಿನಿಂದ ರಿಪೇರಿಯಾಗಿರಲೇ ಇಲ್ಲ.

ಉಪ್ಪುಕಾಗದ ಹಾಕಿ ಉಜ್ಜುತ್ತಿದ್ದಾಗ ಕೊಟ್ರಮ್ಮ ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕುಳಿತು ನೋಡುತ್ತಿದ್ದಳು. ಉದುರಿದ ಪುಡಿಯನ್ನು ಬೆರಳಲ್ಲಿ ತೆಗೆದು, "ಇದು ನಿನ್ನ ಬಣ್ಣ ಅಲ್ಲೇನೋ?" ಎಂದಳು.

"ಹೌದಬೇ. ಯಾರ ಮುಂದೂ ಅನ್ನಬ್ಯಾಡ. ಹೊಸಾ ಸ್ಟಾರ್ಟರ್ ನಾ ವಾಪಸ್ ತಗೋತೀನಿ."

"ನಾ ಯಾಕ ಅನ್ನಲಿ? ಅನ್ನಾವ ನೀನು. ನೀ ಅನ್ನೂಮಟ ನನ್ನ ಗಾಡಿ ಮುಟ್ಟಬ್ಯಾಡ."

ಹನ್ನೊಂದು ದಿನ ನಾನು ಎಲ್ಲಿಗೂ ಹೋಗಲಿಲ್ಲ. ಇವತ್ತು ಕೆಲಸ ಜಾಸ್ತಿ, ನಾಳೆ ಅಮಾವಾಸ್ಯೆ ಎಂದು ನನಗೆ ನಾನೇ ನೆಪ ಹೇಳಿಕೊಂಡೆ. ಹನ್ನೆರಡನೇ ದಿನ ಹಗರಿಬೊಮ್ಮನಹಳ್ಳಿಗೆ ಹೋದರೆ ಕೋಣೆಗೆ ಬೀಗ. ಪಕ್ಕದ ಸೈಕಲ್ ಅಂಗಡಿಯವನು, ಕೋಣೆ ತೆಗೆಯದೆ ತಿಂಗಳ ಮೇಲಾಯಿತು ಎಂದು ಹೇಳಿ ಮನೆ ತೋರಿಸಿದ. ಮೌನೇಶಪ್ಪ ಪಡಸಾಲೆಯಲ್ಲಿ ಕುಳಿತು ಒಂದು ಮಿಕ್ಸಿ ಬಿಚ್ಚಿದ್ದರು. ಅಷ್ಟು ದೊಡ್ಡ ಕೈಯಲ್ಲಿ ಅಷ್ಟು ಸಣ್ಣ ಮೋಟಾರು.

"ಬಾ ಕೂಡು. ಬಸ್ಸಿನಾಗ ಬಂದಿಯೇನು? ನಿನ್ನ ಮ್ಯಾಲ ಏನರ ಬರದು ಕಳಿಸ್ಯಾರೇನು ಮತ್ತ?" ಎಂದರು.

ನಾನು ಎಲ್ಲ ಹೇಳಿದೆ. ಬಣ್ಣ, ಪಟ್ಟಿ, ಚೋಕು, ಹರಿದ ಚೀಟಿ. ತಪ್ಪಾಯಿತು ಎಂದು ಕಾಲು ಮುಟ್ಟಲು ಬಗ್ಗಿದೆ. ಅವರು ಕಾಲು ಹಿಂದಕ್ಕೆಳೆದುಕೊಂಡರು.

"ಅಲ್ಲಿ ಸ್ಟ್ಯಾಂಡಿನಾಗ ಮಂದಿ ಮುಂದ ಅಂದಿ. ಈಗ ಈ ಮೂಲ್ಯಾಗ ಒಬ್ಬಾಂವನ ಮುಂದ ಬಂದು ಹೇಳ್ತಿ. ಎಲ್ಲಿ ಕೆಟ್ಟೈತೋ ಅಲ್ಲಿ ರಿಪೇರಿ ಮಾಡಬೇಕಪ್ಪಾ ಮೆಕಾನಿಕ್ಕು."

ಮರುದಿನ ಸ್ಟ್ಯಾಂಡಿಗೆ ಹೋದೆ. ಆ ಸ್ಟಾರ್ಟರನ್ನು ಚಹಾದಂಗಡಿಯ ಕಟ್ಟೆಯ ಮೇಲಿಟ್ಟು, ಬ್ಯಾಟರಿ ಹಚ್ಚಿ ತಿರುಗಿಸಿ ತೋರಿಸಿದೆ. ತಪ್ಪು ನನ್ನದು, ಬಣ್ಣ ನನ್ನದು, ಮೌನೇಶಪ್ಪನ ಕೆಲಸದಲ್ಲಿ ಲೋಪವಿಲ್ಲ ಎಂದೆ. ಕೇಳಿಸಲಿಲ್ಲ, ಇನ್ನೊಮ್ಮೆ ಹೇಳು ಎಂದರು. ಇನ್ನೊಮ್ಮೆ ಹೇಳಿದೆ. ಒಬ್ಬ ಡ್ರೈವರ್, "ಲೇ, ಹಾಲೇಶಿ ಹಂತೇಲಿ ಗಾಡಿ ಬಿಟ್ಟವ್ರು ಬಣ್ಣದ ಡಬ್ಬಿ ಮುಚ್ಚಿಟ್ಟು ಬರ್ರೆಪಾ" ಎಂದ. ಎಲ್ಲರೂ ನಕ್ಕರು. ಆ ನಗು ತಿಂಗಳುಗಟ್ಟಲೆ ಉಳಿಯಿತು, ಅದು ನನಗೆ ಸಲ್ಲಬೇಕಾದದ್ದೇ.

ಇಬ್ಬರು ಡ್ರೈವರುಗಳು ಅದೇ ವಾರ ತಮ್ಮ ಸ್ಟಾರ್ಟರುಗಳನ್ನು ಹಗರಿಬೊಮ್ಮನಹಳ್ಳಿ ಬಸ್ಸಿಗೆ ಹಾಕಿದರು. ಎರಡೂ ಬಿಚ್ಚದೆ ಹಾಗೇ ಮರಳಿ ಬಂದವು. "ಕಣ್ಣು ಸಾಲುವುದಿಲ್ಲ, ಬೇರೆ ಕಡೆ ಮಾಡಿಸಿರಿ" ಎಂಬ ಚೀಟಿ. ಮಿಕ್ಸಿಯ ಕೂದಲೆಳೆಯಂಥ ತಂತಿಯನ್ನು ಕನ್ನಡಕವಿಲ್ಲದೆ ಸುತ್ತುತ್ತಿದ್ದ ಮನುಷ್ಯ ಅವರು. ಕಣ್ಣಿನ ಮಾತು ಸುಳ್ಳೆಂದು ನನಗೊಬ್ಬನಿಗೆ ಗೊತ್ತಿತ್ತು. ಆಮೇಲೆ ಮೂರು ಸಲ ಹೋಗಿ ಕೇಳಿಕೊಂಡೆ. ಚಹಾ ಕುಡಿಸಿ ಕಳಿಸಿದರೇ ಹೊರತು ಕೋಣೆಯ ಬೀಗ ತೆಗೆಯಲಿಲ್ಲ. 2006ರಲ್ಲಿ ತೀರಿಕೊಂಡರು.

ಈ ಕೆಲಸ ನನಗೆ ಕಲಿಸಿದ್ದು ಇಷ್ಟು. ಭಾಗವೊಂದು ಕೆಟ್ಟಿದೆ ಎನ್ನುವ ಮೊದಲು ಅದರ ಮರಳುವ ದಾರಿ ನೋಡಬೇಕು, ಆ ದಾರಿಯಲ್ಲಿ ಕೊನೆಗೆ ಕೈ ಹಾಕಿದವರು ಯಾರೆಂದು ನೋಡಬೇಕು, ಗಾಡಿ ಓಡಿಸುವವರು ಸುಡುತ್ತದೆ ಎಂದರೆ ಮುಟ್ಟಿ ನೋಡಬೇಕು. ತಪ್ಪನ್ನು ಸರಿ ಮಾಡಬಹುದು ಎಂದು ಬರೆಯಲು ಮನಸ್ಸಿದೆ, ಆದರೆ ನನ್ನ ಅನುಭವ ಹಾಗಿಲ್ಲ. ಅರ್ಥ್ ಪಟ್ಟಿ ಉಜ್ಜಿ ಬಿಗಿಯಲು ಹತ್ತು ನಿಮಿಷ ಸಾಕಾಯಿತು. ಒಬ್ಬ ಕೆಲಸಗಾರನ ಹೆಸರಿಗೆ ಹತ್ತಿದ್ದನ್ನು ಉಜ್ಜಲು ನನ್ನಿಂದ ಆಗಲಿಲ್ಲ.

ಈಗ ನನ್ನ ಹತ್ತಿರ ಎರಡು ಶೆಡ್ಡುಗಳಿವೆ, ಹಡಗಲಿಯಲ್ಲೊಂದು, ಹರಪನಹಳ್ಳಿಯಲ್ಲೊಂದು. ಗಾಡಿ ಎತ್ತುವ ಲಿಫ್ಟ್ ಒಂದು. ಮೀಟರುಗಳು ನಾಲ್ಕು. ಕಂಪ್ಯೂಟರ್ ಹಚ್ಚಿ ನೋಡುವ ಸ್ಕ್ಯಾನರ್ ಒಂದು. ಕೆಲಸಗಾರರು ಏಳು ಜನ, ಅವರಲ್ಲಿ ಇಬ್ಬರು ಡಿಪ್ಲೊಮಾ ಮಾಡಿದವರು. ಸ್ಟಾರ್ಟರ್ ಕಟ್ಟಬಲ್ಲವರು ಒಬ್ಬರೂ ಇಲ್ಲ.