ತುಟಿ ಮುಚ್ಚದ ಮಾತು

ಇದನ್ನು ಓದಿ ನೀವು ನಂಬದಿದ್ದರೆ ನನಗೆ ಬೇಸರವಿಲ್ಲ. ಆದರೆ ನನ್ನ ಕಿವಿಗೆ ಕೇಳಿದ್ದನ್ನು ಕೇಳಲಿಲ್ಲ ಎಂದು ಬರೆಯಲಾರೆ.

ಎಲ್ಲ ಸರಿಯಿದ್ದ ಕೊನೆಯ ದಿನ ಒಂದು ಶನಿವಾರ. ಅಮೆರಿಕದ ಇಸ್ಸಾಕ್ವಾ ಊರಿನ ನಮ್ಮ ಮನೆಗೆ ನನ್ನ ಗಂಡ ಗ್ಯಾರೇಜ್ ಸೇಲಿನಿಂದ ಹಳೆಯ ರೀಲ್ ಕ್ಯಾಮರಾ ತಂದಿದ್ದರು. ಅದಕ್ಕೆ ದನಿ ಹಿಡಿಯಲು ಬಾರದು, ಚಿತ್ರ ಮಾತ್ರ. ಅಡುಗೆಮನೆಯಲ್ಲಿ ಅದನ್ನು ಅವರ ಕಡೆಗೇ ತಿರುಗಿಸಿದೆ.

“ಬೇಡ ಕಣೇ, ಶೇವೂ ಮಾಡಿಲ್ಲ!”

“ನಿಮ್ಮನ್ನ ನೋಡೋರ್ ಯಾರ್ರೀ? ಸುಮ್ನೆ ನಿಂತ್ಕೊಳ್ಳಿ.”

ಆಮೇಲೆ ಹಾಲು ತರಲು ಹೊರಟರು. ಬಾಗಿಲಲ್ಲಿ ಅರ್ಧ ತಿರುಗಿ ಏನೋ ಅಂದರು. ಕ್ಯಾಮರಾದ ಗರಗರ ಕಿವಿಯ ಪಕ್ಕದಲ್ಲೇ ಇತ್ತು. ಕೇಳಿಸಲಿಲ್ಲ. ಸುಮ್ಮನೆ ತಲೆಯಾಡಿಸಿದೆ.

ಹಿಮ ಕಟ್ಟಿದ ತಿರುವಿನಲ್ಲಿ ಕಾರು ಜಾರಿತು.

ಮೂರನೆಯ ದಿನ ಮೈಸೂರಿನಿಂದ ಅತ್ತೆ ಫೋನಿನಲ್ಲಿ ಕೇಳಿದ್ದು ಒಂದೇ ಮಾತು. “ಹೊರಡುವಾಗ ಬರ್ತೀನಿ ಅಂದ್ನೇನೇ?”

‘ಹೋಗ್ತೀನಿ’ ಎಂದು ನಮ್ಮಲ್ಲಿ ಯಾರೂ ಹೊಸ್ತಿಲು ದಾಟುವುದಿಲ್ಲ.

“ಅಂದ್ರು, ಅತ್ತೆ. ಕ್ಯಾಮರಾದ ರೀಲಲ್ಲೂ ಇದೆ.”

“ನೀನು ಕೇಳಿಸ್ಕೊಂಡಿದ್ರೆ ತಾನೇ! ವರ್ಷಾಬ್ದಿಕಕ್ಕೆ ಬರೋವಾಗ ಆ ರೀಲು ತಗೊಂಡ್ಬಾ. ನಾನೇ ನೋಡ್ತೀನಿ.”

ಆ ಸುಳ್ಳನ್ನೂ ರೀಲನ್ನೂ ಹೊತ್ತುಕೊಂಡೇ, ವರ್ಷ ತುಂಬುತ್ತ ಬಂದ ಡಿಸೆಂಬರಿನಲ್ಲಿ ಹತ್ತಿರದ ವುಡಿನ್‌ವಿಲ್ ಊರಿಗೆ ಹೋದೆ. ಅಲ್ಲಿ ತಮ್ಮ ಮಗಳ ಮನೆಯ ನೆಲಮಾಳಿಗೆಯಲ್ಲಿ ಸಿಲ್ವಾನೊ ಇದ್ದರು. ರೋಮ್‌ನಲ್ಲಿ ನಲವತ್ತು ವರ್ಷ ಸಿನಿಮಾ ಸಂಕಲನ ಮಾಡಿದ ಮುದುಕ. ಅವರ ಕಾಲದಲ್ಲಿ ಅಲ್ಲಿ ದನಿಯಿಲ್ಲದೆ ಚಿತ್ರ ತೆಗೆಯುತ್ತಿದ್ದರಂತೆ. ಒಬ್ಬ ನಟ ಫ್ರೆಂಚ್ ಮಾತಾಡುತ್ತಿದ್ದ, ಇನ್ನೊಬ್ಬ ಬರೀ ಅಂಕಿ ಎಣಿಸುತ್ತಿದ್ದ. ಆಮೇಲೆ ಬೇರೆ ಯಾರದೋ ದನಿಯನ್ನು ಅವರ ತುಟಿಗೆ ಕೂಡಿಸುವುದು ಸಿಲ್ವಾನೊ ಕೆಲಸ.

“ಪ, ಬ, ಮ. ಈ ಮೂರಕ್ಕೆ ತುಟಿ ಮುಚ್ಚಲೇಬೇಕು. ಉಳಿದದ್ದರಲ್ಲೆಲ್ಲ ಮೋಸ ಮಾಡಬಹುದು,” ಎಂದು ಇಂಗ್ಲಿಷಿನಲ್ಲಿ ಗದರುವಂತೆ ಹೇಳಿದರು. ಅವರ ಮಾತೇ ಹಾಗೆ.

ಸಂಜೆ ನಾಲ್ಕೂವರೆಗೇ ಹೊರಗೆ ರಾತ್ರಿ. ಕೋಣೆಯಲ್ಲಿ ಹಳೆಯ ರೀಲುಗಳ ಹುಳಿ ವಾಸನೆ. ಅಂಗೈಯಗಲದ ಪರದೆಯ ಯಂತ್ರವನ್ನು ಅವರು ಕೈಯಿಂದ ಮೆಲ್ಲಗೆ ತಿರುಗಿಸಿದರು. ಬಾಗಿಲು... ನೀಲಿ ಜಾಕೆಟ್ಟು... ಬಾಯಿ ತೆರೆಯಿತು.

“ತುಟಿ ಮುಚ್ಚಿಲ್ಲ. ಎಲ್ಲಿಯೂ ಇಲ್ಲ.”

ಹಾಗಾದರೆ ಅವರು ಅಂದದ್ದು ‘ಹೋಗ್ತೀನಿ’.

ನಾನು ಬೇಡಿಕೊಂಡೆ. ಅಡುಗೆಮನೆಯಲ್ಲಿ ‘ಬೇಡ’ ಅಂದಾಗ ತುಟಿ ಮುಚ್ಚಿತ್ತಲ್ಲ, ರೀಲಿನ ಆ ನಾಲ್ಕು ಬಿಡಿಚಿತ್ರ ತಂದು ಬಾಗಿಲಿನ ದೃಶ್ಯಕ್ಕೆ ಸೇರಿಸಿ. ಒಬ್ಬ ತಾಯಿಗೆ ತೋರಿಸಬೇಕು.

ಸಿಲ್ವಾನೊ ಅಂದರು, “ಬದುಕಿದ್ದವರ ಬಾಯಿಗೆ ಎಷ್ಟೋ ಸುಳ್ಳು ಕೂಡಿಸಿದ್ದೇನೆ. ಸತ್ತವರ ಬಾಯಿಗೆ ಕೂಡಿಸಿಲ್ಲ.”

ಆದರೂ ಬ್ಲೇಡು ಎತ್ತಿಕೊಂಡರು. ಕತ್ತರಿಸಿ, ನಾಲ್ಕು ಚಿತ್ರ ಎಣಿಸಿ, ಟೇಪು ಹಚ್ಚಿ, ಹೆಬ್ಬೆರಳಿನಿಂದ ಒತ್ತಿದರು. ಮತ್ತೆ ತಿರುಗಿಸಿದರು.

ಬಾಗಿಲು. ಜಾಕೆಟ್ಟು. ತುಟಿ ಮುಚ್ಚಿತು, ತೆರೆಯಿತು. ಸರಿಯಾಗಿ ಕೂತಿತ್ತು... ಆದರೆ ಚಿತ್ರ ಅಲ್ಲಿಗೆ ಮುಗಿಯಲಿಲ್ಲ. ಅರ್ಧ ತಿರುಗಿದ್ದವರು ಪೂರ್ತಿ ತಿರುಗಿದರು. ಅಂದು ಅವರು ಹಾಗೆ ತಿರುಗಿರಲಿಲ್ಲ. ನನ್ನನ್ನು ನೋಡಿದರು. ಒಂಬತ್ತು ವರ್ಷದ ಸಂಸಾರದಲ್ಲಿ ಒಮ್ಮೆಯೂ ನನ್ನನ್ನು ಹಾಗೆ ನೋಡಿದವರಲ್ಲ. ಅಷ್ಟು ದ್ವೇಷ ನಾನು ಯಾರ ಮುಖದಲ್ಲೂ ಕಂಡಿಲ್ಲ.

ತುಟಿ ಮತ್ತೆ ಮುಚ್ಚಿತು. ಅಗಲವಾಗಿ ತೆರೆಯಿತು. ತೆರೆದೇ ಇತ್ತು.

ಸಿಲ್ವಾನೊ ಕೈ ತೆಗೆದರು. ಯಂತ್ರ ನಿಂತಿತು. ಗರಗರ ನಿಲ್ಲಲಿಲ್ಲ... ಅದು ಯಂತ್ರದಿಂದಲ್ಲ, ನನ್ನ ಕಿವಿಯ ಪಕ್ಕದಿಂದ ಬರುತ್ತಿತ್ತು. ಒದ್ದೆ ಹಿಮದ, ಪೆಟ್ರೋಲಿನ ವಾಸನೆ ಮುಖಕ್ಕೆ ಬಡಿಯಿತು.

ಸಿಲ್ವಾನೊ ರೀಲಿನ ಪಟ್ಟಿಯನ್ನು ದೀಪಕ್ಕೆ ಹಿಡಿದು ಒಂದೊಂದೇ ಚಿತ್ರ ಎಣಿಸಿದರು. “ನಾನು ಸೇರಿಸಿದ್ದು ನಾಲ್ಕು. ಇಲ್ಲಿ ಹದಿನೈದಿವೆ. ರೀಲು ಬೆಳೆಯುವುದಿಲ್ಲ, ಅಮ್ಮಾ. ರೀಲು ಬೆಳೆಯುವುದಿಲ್ಲ!” ಆಮೇಲೆ ಪಿಸುಗುಟ್ಟಿದರು. “ಒಮ್ಮೆ ಮುಚ್ಚಿ, ತೆರೆದೇ ಇರುತ್ತದೆ. ಚಿಕ್ಕ ಮಾತು. ನಿಮ್ಮ ಭಾಷೆಯಲ್ಲಿ ಏನದು?”

“ಗೊತ್ತಿಲ್ಲ,” ಅಂದೆ.

ಗೊತ್ತಿತ್ತು. ಅದು ‘ಬರ್ತೀನಿ’ ಅಲ್ಲ. ‘ಬಾ’.

ಅವರು ಹೆಚ್ಚಿಗೆ ಬಂದಿದ್ದ ಆ ಹನ್ನೊಂದನ್ನೂ, ತಾವು ಕೂಡಿಸಿದ ನಾಲ್ಕನ್ನೂ ಕತ್ತರಿಸಿ ಗೋಡೆಯ ಮೊಳೆಗೆ ಸಿಕ್ಕಿಸಿದರು. ರೀಲನ್ನು ನನ್ನ ಕೈಗೆ ತುರುಕಿ, “ಹೋಗಿ,” ಅಂದರು. ಮೆಟ್ಟಿಲ ಬಳಿ ತಿರುಗಿ ನೋಡಿದೆ. ಮೊಳೆಯಲ್ಲಿ ನಾಲ್ಕೇ ತೂಗುತ್ತಿದ್ದವು.

ಇಬ್ಬರೂ ಮೊಣಕಾಲೂರಿ ನೆಲವೆಲ್ಲ ತಡಕಿದೆವು. ಮನೆಗೆ ಬಂದು ನನ್ನ ಕೋಟು, ಚೀಲ, ಕಾರಿನ ಸೀಟಿನ ಸಂದಿಯನ್ನೂ ನೋಡಿದೆ.

ವರ್ಷಾಬ್ದಿಕಕ್ಕೆ ಹೋದಾಗ ರೀಲು ಒಯ್ಯಲಿಲ್ಲ. ಅವರು ‘ಹೋಗ್ತೀನಿ’ ಅಂದಿದ್ದರೆಂಬ ನಿಜವನ್ನು ಬಾಯಲ್ಲೇ ಹೇಳಿದೆ. ಅತ್ತೆ ಅಂದಿನಿಂದ ನನ್ನ ಜೊತೆ ಮಾತು ಬಿಟ್ಟಿದ್ದಾರೆ. ಈಗಲೂ ಕೆಲವು ಸಂಜೆ ಬಾಗಿಲ ಬಳಿ ನಿಂತರೆ ಕಿವಿಯ ಪಕ್ಕ ಗರಗರ ಶುರುವಾಗುತ್ತದೆ.

ಆ ಹನ್ನೊಂದು ಚಿತ್ರಗಳು ಇನ್ನೂ ಸಿಕ್ಕಿಲ್ಲ.