ಹೆಬ್ಬೆರಳಿನ ಎರಡನೇ ಭೇಟಿ

ಹೋದ ವಾರ ನನ್ನ ಗಂಡ ಕುತ್ತಿಗೆ ಹಿಡಿದುಕೊಂಡಿದೆಯೆಂದು ಇಲ್ಲೇ ಲಿಂಗಸುಗೂರಿನ ಮೆಡಿಕಲ್ ಅಂಗಡಿಯಿಂದ ನೋವಿನ ಮುಲಾಮು ತಂದರು. ಮುಚ್ಚಳ ತೆಗೆದ ಕೂಡಲೇ ಅದರ ಘಾಟು ಮನೆಯೆಲ್ಲ ತುಂಬಿತು. ಅವರ ನೋವು ಇಳಿಯಿತೋ ಇಲ್ಲವೋ, ನನ್ನ ಹಳೆಯ ಸಿಟ್ಟಂತೂ ಏರಿತು. ನನಗೆ ಮೆಡಿಕಲ್ ಕೋಡಿಂಗ್ ಕಲಿಸಿದ ಸರ್ ನೆನಪಾದರು...

ಸಿಂಧನೂರಿನಲ್ಲಿ ಬೀಜ-ಗೊಬ್ಬರದ ಅಂಗಡಿಯೊಂದರ ಮೇಲಿನ ಮಹಡಿಯಲ್ಲಿ ಅವರ ಕ್ಲಾಸು. ಅಮೆರಿಕದ ಆಸ್ಪತ್ರೆಗಳ ರೋಗಿಗಳ ಕಾಗದ ಓದಿ, ಯಾವ ಕಾಯಿಲೆಗೆ ಯಾವ ಕೋಡ್ ಹಾಕಬೇಕೆಂದು ಹೇಳಿಕೊಡುತ್ತಿದ್ದರು. ಬಿ.ಎಸ್ಸಿ. ಮುಗಿಸಿದ್ದ ನಾನು ಮಸ್ಕಿಯಿಂದ ದಿನಾ ಬಸ್ಸಿಗೆ ಹೋಗುತ್ತಿದ್ದೆ. ಇಡೀ ಆರು ತಿಂಗಳಲ್ಲಿ ಅವರು ಒಮ್ಮೆಯೂ ನನ್ನ ಹೆಸರು ಹಿಡಿದು ಕರೆಯಲಿಲ್ಲ. ‘ಏ ಮಸ್ಕಿ’ ಎನ್ನುತ್ತಿದ್ದರು. ತಪ್ಪು ಉತ್ತರ ಹೇಳಿದವರ ಹಾಳೆಯನ್ನು ಎಲ್ಲರಿಗೂ ಕಾಣುವಂತೆ ಎತ್ತಿ ಹಿಡಿದು ನಗುತ್ತಿದ್ದರು. ಆ ನಗುವಿಗೆ ಹೆದರಿ ಇಬ್ಬರು ಹುಡುಗಿಯರು ಕ್ಲಾಸು ಬಿಟ್ಟೇ ಹೋದರು.

ಕ್ಲಾಸಿನ ಕೊನೆಯ ತಿಂಗಳು. ಒಂದು ಬೆಳಿಗ್ಗೆ ಹೊರಟಿದ್ದ ಬಸ್ಸನ್ನು ಓಡಿ ಹತ್ತುವಾಗ ನನ್ನ ಬಲಗೈ ಹೆಬ್ಬೆರಳು ಬಾಗಿಲ ಕಂಬಿಗೆ ಸಿಕ್ಕಿ ಹಿಂದಕ್ಕೆ ತಿರುಚಿಕೊಂಡಿತು. ಮಸ್ಕಿಯ ಡಾಕ್ಟರು ಉಳುಕಿದೆ ಎಂದು ಇಂಥದೇ ಘಾಟಿನ ಮುಲಾಮು ಕೊಟ್ಟು ಬಟ್ಟೆ ಪಟ್ಟಿ ಸುತ್ತಿದರು. ವಾರವಾದರೂ ಬಾವು ಇಳಿಯಲಿಲ್ಲ. ಸಿಂಧನೂರಿನ ಎಲುಬಿನ ಡಾಕ್ಟರಿಗೆ ತೋರಿಸಿದೆ. ಅವರು ಆ ಪಟ್ಟಿ ಬಿಚ್ಚಿ ಎಸೆದು, ಬೆರಳು ಅಲ್ಲಾಡದಂತೆ ಗಟ್ಟಿ ಪಟ್ಟಿ ಕಟ್ಟಿ, ಹೊಸ ಗುಳಿಗೆ ಬರೆದರು.

ಆ ಪಟ್ಟಿ ನೋಡಿದ್ದೇ ತಡ, ಸರ್ ನನ್ನನ್ನು ಎದ್ದು ನಿಲ್ಲಿಸಿ ಎಲ್ಲ ಕೇಳಿಕೊಂಡರು. ಮರುವಾರದ ಪರೀಕ್ಷೆಯಲ್ಲಿ ಅದನ್ನೇ ಪ್ರಶ್ನೆ ಮಾಡಿದರು: ಹೆಬ್ಬೆರಳು ಉಳುಕಿದವಳ ಎರಡನೇ ಭೇಟಿಗೆ ಕೋಡಿನ ಕೊನೆಯ ಅಕ್ಷರ ಯಾವುದು? ಗಾಯಕ್ಕೆ ಚಿಕಿತ್ಸೆ ನಡೆದಿರುವಾಗ ‘ಎ’ ಹಾಕಬೇಕು. ಚಿಕಿತ್ಸೆ ಮುಗಿದು, ವಾಸಿಯಾಗುತ್ತಿದೆಯೇ ಎಂದು ನೋಡುವ ಭೇಟಿಗೆ ‘ಡಿ’. ಎರಡನೇ ಭೇಟಿಯಲ್ಲವೇ ಎಂದು ಉಳಿದವರೆಲ್ಲ ‘ಡಿ’ ಬರೆದರು. ನಾನು ‘ಎ’ ಬರೆದೆ.

ಅದು ಬರೀ ಕ್ಲಾಸಿನ ಪರೀಕ್ಷೆಯಾಗಿರಲಿಲ್ಲ. ಮೊದಲ ಐದು ಮಂದಿಯನ್ನು ಹೈದರಾಬಾದಿನ ಕಂಪನಿಯೊಂದರ ಸಂದರ್ಶನಕ್ಕೆ ಕಳಿಸುವುದಿತ್ತು. ಕೆಲಸ ಸಿಕ್ಕರೆ ಮದುವೆ ಮಾತು ಎರಡು ವರ್ಷ ಮುಂದಕ್ಕೆ ಎಂದು ಅಪ್ಪ ಒಪ್ಪಿದ್ದರು. ನಾನು ಆರನೆಯವಳಾದೆ, ಆ ಒಂದೇ ಉತ್ತರದಿಂದ.

ನಿಯಮದ ಪುಸ್ತಕ ತೆರೆದು ಅವರ ಮೇಜಿನ ಮುಂದೆ ನಿಂತೆ. ಪಟ್ಟಿ ಕಟ್ಟಿದ ಕೈಯಿಂದಲೇ ಸಾಲು ತೋರಿಸಿದೆ.

“ಸರ್, ಎಷ್ಟನೇ ಭೇಟಿ ಅನ್ನೋದು ಲೆಕ್ಕಕ್ಕಿಲ್ಲಂತ್ರೀ. ಇನ್ನಾ ಚಿಕಿತ್ಸೆ ನಡದೈತಿ, ಬ್ಯಾರೆ ಡಾಕ್ಟರು ಹೊಸ ಪಟ್ಟಿ ಕಟ್ಯಾರ. ಇದು ‘ಎ’ನ ರೀ.”

ಅವರು ಪುಸ್ತಕದ ಕಡೆ ಕಣ್ಣು ಕೂಡ ಹಾಯಿಸಲಿಲ್ಲ. “ಎರಡನೇ ಸಲ ಅಂದ್ರ ‘ಡಿ’. ನೀ ಕಲಿಯಾಕ ಬಂದೀಯೋ, ನನಗ ಕಲಿಸಾಕ ಬಂದೀಯೋ?”

“ಒಂದ್ಸಲ ಓದಿ ನೋಡ್ರಿ ಸರ್...”

“ಹೆಬ್ಬಟ್ಟು ಉಳುಕಿದ್ದಲ್ಲ ನಿಂದು, ತಲಿ ಉಳುಕೈತಿ. ಹೋಗು, ಮಸ್ಕಿ ಬಸ್ಸಿಗೆ ಹೊತ್ತಾತು.”

ಕ್ಲಾಸಿಗೆ ಕ್ಲಾಸೇ ನಕ್ಕಿತು. ಸಂದರ್ಶನಕ್ಕೆ ಹೋಗುವ ಐವರೂ ನಕ್ಕರು. ನಾನು ಮೆಟ್ಟಿಲಿಳಿದು ಬಂದೆ, ಮತ್ತೆ ಹತ್ತಲಿಲ್ಲ. ನಾಲ್ಕು ತಿಂಗಳಿಗೆ ಲಿಂಗಸುಗೂರಿನ ಸೊಸೆಯಾದೆ. ಗಂಡ ಒಳ್ಳೆಯವರೇ. ಆದರೆ ಆ ಎರಡು ವರ್ಷ ನನ್ನವಾಗಬೇಕಿತ್ತು...

ಮದುವೆಯಾದ ಮರುವರ್ಷ, ಗೊರೇಬಾಳದ ಗೆಳತಿಯ ತಂಗಿ ಅದೇ ಕ್ಲಾಸಿಗೆ ಸೇರಿದ್ದಳು. ಕೋಡಿಂಗ್ ಸರ್ಟಿಫಿಕೇಟಿನ ಪರೀಕ್ಷೆಗೆ ನಾನೊಬ್ಬಳೇ ಮನೆಯಲ್ಲಿ ಓದುತ್ತಿದ್ದೇನೆಂದು ತಿಳಿದು, ಸರ್ ಕೊಟ್ಟ ನೋಟ್ಸನ್ನು ನನಗೆ ತಂದುಕೊಟ್ಟಳು. ಅವರ ಕೈಬರಹದ ಜೆರಾಕ್ಸ್. ಹಾಳೆ ತಿರುಗಿಸುತ್ತಿದ್ದವಳ ಕೈ ಒಂದು ಕಡೆ ನಿಂತಿತು. ಹೆಬ್ಬೆರಳು ಉಳುಕಿದ ಹುಡುಗಿ, ಎರಡನೇ ಭೇಟಿ, ಬೇರೆ ಡಾಕ್ಟರು, ಹೊಸ ಪಟ್ಟಿ. ಉತ್ತರ: ‘ಎ’. ಕೆಳಗೆ ಎರಡು ಗೆರೆ ಎಳೆದು ಬರೆದಿದ್ದರು: ಇಲ್ಲಿ ಬಹಳ ಮಂದಿ ತಪ್ಪುತ್ತಾರೆ, ಭೇಟಿ ಎಣಿಸಬೇಡಿ.

ಅಂದರೆ ಓದಿದ್ದರು. ನಾನು ಹೋದ ಮೇಲೆ ಆ ಸಾಲು ಹುಡುಕಿ ಓದಿದ್ದರು. ನನ್ನ ಬೆರಳನ್ನೇ ಉದಾಹರಣೆ ಮಾಡಿಕೊಂಡು ಹೊಸಬರಿಗೆ ಕಲಿಸುತ್ತಿದ್ದರು. ನನ್ನ ನಂಬರು ಅವರ ಬಳಿ ಇತ್ತು. ಫೋನ್ ಮಾತ್ರ ಮಾಡಲಿಲ್ಲ. ತಿಳಿಯದೆ ತಪ್ಪು ಮಾಡಿದ್ದರೆ ಎಂದೋ ಮರೆಯುತ್ತಿದ್ದೆ. ತಿಳಿದ ಮೇಲೂ ಬಾಯಿ ಬಿಡದಿದ್ದುದನ್ನು ನಾನು ಕ್ಷಮಿಸಿಲ್ಲ.

ಪರೀಕ್ಷೆ ಪಾಸಾದೆ. ಈಗ ಮನೆಯಲ್ಲೇ ಕೂತು ಹೈದರಾಬಾದಿನ ಕಂಪನಿಗೆ ಬೇರೆಯವರು ಹಾಕಿದ ಕೋಡು ತಿದ್ದುತ್ತೇನೆ. ತಪ್ಪಿದವರಿಗೆ ಯಾಕೆ ತಪ್ಪಾಯಿತೆಂದು ಬರೆದು ಕಳಿಸುತ್ತೇನೆ, ಯಾರನ್ನೂ ನಗೆಪಾಟಲು ಮಾಡುವುದಿಲ್ಲ. ಎಂದಾದರೊಂದು ದಿನ ಸಿಂಧನೂರಿಗೆ ಹೋಗಿ ಆ ಜೆರಾಕ್ಸನ್ನು ಅವರ ಮುಂದೆ ಇಟ್ಟು ‘ಈಗ ಹೇಳ್ರಿ ಸರ್’ ಎನ್ನಬೇಕೆಂದು ವರ್ಷಗಟ್ಟಲೆ ಅಂದುಕೊಂಡೆ. ಹೋಗಲಿಲ್ಲ... ಇರುತ್ತಾರಲ್ಲ, ಎಲ್ಲಿ ಹೋಗುತ್ತಾರೆ ಎಂಬ ಧೈರ್ಯ.

ಈ ಬೇಸಿಗೆಯಲ್ಲಿ ಕ್ಲಾಸಿನ ಹಳೆಯ ವಾಟ್ಸಾಪ್ ಗುಂಪಿನಲ್ಲಿ ಸುದ್ದಿ ಬಂತು, ಸರ್ ಹೃದಯಾಘಾತದಿಂದ ತೀರಿಕೊಂಡರೆಂದು. ಅಂಥ ಗುರು ಸಿಗುವುದಿಲ್ಲ ಎಂದು ಸಾಲುಸಾಲಾಗಿ ಬರೆದರು, ಅಂದು ನಕ್ಕವರೇ. ನೀನೂ ಒಂದು ಮಾತು ಬರಿ ಎಂದು ಒಬ್ಬಳು ಕೇಳಿದಳು. ನಾನು ಬರೆಯಲಿಲ್ಲ. ದುಃಖವಾಗಲಿಲ್ಲ ಎಂದರೆ ಸುಳ್ಳು, ಆದರೆ ಅದು ಅವರಿಗಾಗಿ ಅಲ್ಲ. ನನ್ನ ಉತ್ತರ ಸರಿಯಿತ್ತೆಂದು ಯಾರು ಹೇಳಿದರೂ ನನಗೆ ಸಾಲುತ್ತಿರಲಿಲ್ಲ. ಅವರೇ ಹೇಳಬೇಕಿತ್ತು.