ನಲವತ್ತಕ್ಕೆ ಹನ್ನೊಂದು ಬಿದ್ದ ಚಾಕು

ಕಂಪ್ಯೂಟರ್ ಮುಟ್ಟುವ ಮೊದಲು ಕೈಕಾಲು ತೊಳೆದುಕೊಂಡು ಬರಬೇಕಿದ್ದ ಕಾಲ ಅದು. ಧಾರವಾಡದ ಮಾಳಮಡ್ಡಿಯಲ್ಲಿ ನಮ್ಮ ಓಣಿಗೆಲ್ಲ ಇದ್ದದ್ದು ಒಂದೇ ಕಂಪ್ಯೂಟರ್. ಬಾಗಿಲು ಹಾಕಿದ ಒಂದು ಟೈಪಿಂಗ್ ಕ್ಲಾಸಿನಿಂದ ಅಪ್ಪ ಅದನ್ನು ತಂದು ನಡುಮನೆಯಲ್ಲಿ ದೇವರ ಪಟಗಳ ಕೆಳಗೆ ಇಟ್ಟಿದ್ದ. ಗರಗದ ಖಾದಿ ಬಟ್ಟೆಯಲ್ಲಿ ಅವ್ವ ಅದಕ್ಕೊಂದು ಗವುಸು ಹೊಲಿದಿದ್ದಳು. ದೀಪಾವಳಿಗೆ ಹಚ್ಚಿದ ಕುಂಕುಮ ಮಾನಿಟರಿನ ನೆತ್ತಿಯ ಮೇಲೆ ವರ್ಷವಿಡೀ ಇರುತ್ತಿತ್ತು. ನಿಮ್ಮಲ್ಲಿಯೂ ಕೆಲವರ ಮನೆಯಲ್ಲಿ ಹೀಗೇ ಇದ್ದೀತು. ಸ್ಟೆಬಿಲೈಸರ್ ಟಕ್ ಎಂದೊಡನೆ ಬರುತ್ತಿದ್ದ ಆ ಬೆಚ್ಚನೆಯ ಧೂಳಿನ ವಾಸನೆ ನಿಮಗೂ ನೆನಪಿರಬೇಕು.

ನಾನು ಆರನೇ ಇಯತ್ತೆ ಮುಗಿಸಿದ ಬೇಸಿಗೆಯಲ್ಲಿ ಶಿರಗುಪ್ಪಿಯಿಂದ ಮಲ್ಯಾ ಬಂದ. ಮಲ್ಯಾ ಅಂದರೆ ಮಲ್ಲಿಕಾರ್ಜುನ, ನನ್ನ ದೊಡ್ಡವ್ವನ ಮಗ. ನನಗಿಂತ ಮೂರು ತಿಂಗಳಷ್ಟೇ ದೊಡ್ಡವನು, ಆದರೆ ಮೂರು ವರ್ಷ ದೊಡ್ಡವನ ಹಾಗೆ ಗತ್ತು. ವಸತಿ ಶಾಲೆಯೊಂದರ ಪ್ರವೇಶ ಪರೀಕ್ಷೆಗೆ ಕೋಚಿಂಗ್ ಕೊಡಿಸಲೆಂದು ಅವನನ್ನು ಒಂದು ತಿಂಗಳ ಮಟ್ಟಿಗೆ ನಮ್ಮಲ್ಲಿ ಬಿಡಲು ದೊಡ್ಡವ್ವ ಬಂದಿದ್ದಳು. ಬರುವಾಗ ಒಂದು ಚೀಲ ಶೇಂಗಾ, ಒಂದು ಡಬ್ಬಿ ಕೆಂಪು ಖಾರ ತಂದಿದ್ದಳು.

"ಇವನ್ನ ನಿನ್ನ ಕೈಯಾಗ ಕೊಟ್ಟೇನಿ ನೋಡವಾ ತಂಗಿ. ಹೆಂಗರ ಮಾಡಿ ಪಾಸ್ ಮಾಡಸು" ಎಂದು ಅವ್ವನಿಗೆ ಹೇಳಿ, ಮಲ್ಯಾನ ತಲೆ ಸವರಿ ಬಸ್ಸು ಹಿಡಿದಳು.

ಅವ್ವ ಸರ್ಕಾರಿ ಶಾಲೆಯಲ್ಲಿ ಗಣಿತದ ಮಾಸ್ತರಿಣಿ. ಅವಳ ಕಾಯಿದೆ ಹೀಗಿತ್ತು: ಮಲ್ಯಾ ಸಪ್ತಾಪುರದ ಕೋಚಿಂಗ್ ಕ್ಲಾಸಿನಿಂದ ನಾಲ್ಕಕ್ಕೆ ಬಂದು ಹತ್ತು ಲೆಕ್ಕ ಬಿಡಿಸಬೇಕು, ಜೊತೆಗೆ ನಾನೂ ಬಿಡಿಸಬೇಕು, ಆಮೇಲೆ ಒಂದು ತಾಸು ಕಂಪ್ಯೂಟರ್. ಚುರುಮುರಿ ಕಲಸಿದ ಗಿರ್ಮಿಟ್ಟಿನ ತಾಟನ್ನು ಕೀಬೋರ್ಡಿನ ಹತ್ತಿರ ತಂದರೆ ಎರಡೂ ಬಂದ್. ನಮ್ಮ ಮನೆಯಲ್ಲಿ ಒಗ್ಗರಣೆಯ ಹಸಿಮೆಣಸಿನಕಾಯಿ ಘಾಟಿಗೆ ಸೀನುತ್ತಲೇ ನಾವು ಕಂಪ್ಯೂಟರ್ ಆಟದ ರಾಕ್ಷಸರನ್ನು ಕೊಂದದ್ದು.

ಆಟದ ಸಿಡಿ ಹುಬ್ಬಳ್ಳಿಯ ದುರ್ಗದಬೈಲಿನ ಫುಟ್‌ಪಾತಿನದು. ಕತ್ತಿ, ಕೊಡಲಿ, ಮಂತ್ರ ಎಲ್ಲ ಇದ್ದ ಸಾಹಸದ ಆಟ. ಒಬ್ಬ ವೀರ ಊರೂರು ತಿರುಗುತ್ತ, ಸಿಕ್ಕಿದ ರಾಕ್ಷಸರನ್ನು ಹೊಡೆಯುತ್ತ, ಅವರು ಬೀಳಿಸಿದ್ದನ್ನು ಆಯ್ದುಕೊಂಡು ಮುಂದೆ ಹೋಗಬೇಕು. ಪುಸ್ತಕವಿಲ್ಲ, ಹೇಳಿಕೊಡುವವರಿಲ್ಲ. ಎಲ್ಲ ಬರೆದದ್ದು ಇಂಗ್ಲಿಷಿನಲ್ಲಿ. ನಾನು ಇಂಗ್ಲಿಷ್ ಮೀಡಿಯಮ್ಮು, ಅವನು ಕನ್ನಡ. ಹೀಗಾಗಿ ಕೆಲಸ ತಾನಾಗಿಯೇ ಹಂಚಿಕೆಯಾಯಿತು: ಮೌಸ್ ಹಿಡಿದು ಹೊಡೆಯುವವನು ಮಲ್ಯಾ, ಡಿಕ್ಷನರಿ ಹಿಡಿದು ಓದುವವಳು ನಾನು. ನಿಜ ಹೇಳಬೇಕೆಂದರೆ ನನಗೂ ಅರ್ಧ ಅರ್ಥವಾಗುತ್ತಿರಲಿಲ್ಲ. ಆದರೆ ಅರ್ಥವಾಗದ್ದನ್ನು ಗಟ್ಟಿಯಾಗಿ ಓದಿದರೆ ಎದುರಿನವರು ನಂಬುತ್ತಾರೆ ಎಂಬುದನ್ನು ನಾನು ಆಗಲೇ ಕಲಿತಿದ್ದೆ.

ಎರಡನೇ ವಾರದಲ್ಲಿ ನಮಗೊಂದು ಚಾಕು ಸಿಕ್ಕಿತು. ಗೇಣುದ್ದದ, ತುಕ್ಕು ಬಣ್ಣದ್ದು. ಮಲ್ಯಾ ಅದಕ್ಕೆ ಮನಸೋತ. ಟಕಟಕ ಅಂತ ಅದು ಬೀಸುವುದೇ ಚೆಂದ.

"ನಮ್ಮ ಕುಡಗೋಲು ಇದ್ದಂಗ ಐತಿ ನೋಡಲೇ. ಜ್ವಾಳ ಕೊಯ್ದಂಗ ಕೊಯ್ಯತೈತಿ" ಎನ್ನುತ್ತಿದ್ದ.

ಆ ಚಾಕುವಿನಿಂದಲೇ ನಾವು ಮೂರು ಊರು ದಾಟಿ ಒಂದು ಸೇತುವೆಗೆ ಬಂದೆವು. ಸೇತುವೆಯ ಮೇಲೆ ಕಲ್ಲಿನ ಕಾವಲುಗಾರ. ಅವನ ಬೆನ್ನ ಹಿಂದೆ, ನದಿಯಾಚೆ, ಒಂದು ಪಟ್ಟಣದ ದೀಪಗಳು ಮಿಣಮಿಣ ಕಾಣುತ್ತಿದ್ದವು. ಮಲ್ಯಾ ಎಷ್ಟು ಹೊಡೆದರೂ ಕಲ್ಲಿನವನು ಬೀಳಲಿಲ್ಲ. ಅವನ ಜೀವದ ಕೆಂಪು ಪಟ್ಟಿ ಕೂದಲೆಳೆಯಷ್ಟು ಸವೆಯುವುದರಲ್ಲಿ ನಾವೇ ಸತ್ತಿರುತ್ತಿದ್ದೆವು. ಒಂದು ದಿನ, ಎರಡು ದಿನ, ಮೂರು ದಿನ. ಉಳಿದ ರಾಕ್ಷಸರೆಲ್ಲ ನಾಲ್ಕು ಏಟಿಗೆ ಮಲಗುವಾಗ ಇವನಿಗೇನು ಬಂದಿದೆ ಎಂಬುದು ನಮ್ಮಿಬ್ಬರಿಗೂ ತಿಳಿಯಲಿಲ್ಲ.

"ಸಾಯವಲ್ದಲ್ಲಲೇ ಇದು!"

"ಸರಿಯಾಗಿ ಹೊಡಿ ನೀ."

"ಹೊಡಿಯಾಕತ್ತೇನಲ್ಲ! ನೀ ಸರಿಯಾಗಿ ಓದು. ಏನರ ಬರದಿರಬೇಕು."

ಅವನು ಊರಿಗೆ ಹೋಗಲು ಒಂದು ವಾರ ಉಳಿದಿತ್ತು. ಶಿರಗುಪ್ಪಿಯಲ್ಲಿ ಕಂಪ್ಯೂಟರ್ ಎಲ್ಲಿಂದ ಬರಬೇಕು? "ಆ ದೀಪದ ಊರು ನೋಡೇ ಹೋಗಾಂವ ನಾ" ಎಂದು ಅವನು ಪಣ ತೊಟ್ಟಿದ್ದ. ಕೋಚಿಂಗಿನ ಬಗ್ಗೆ ಅಷ್ಟು ಉಮೇದಿನಿಂದ ಅವನು ಏನೂ ಹೇಳುತ್ತಿರಲಿಲ್ಲ. "ಟೆಸ್ಟಿನ ಪೇಪರ್ ಕೊಟ್ರೇನೋ ಮಲ್ಯಾ?" ಎಂದು ಅವ್ವ ಕೇಳಿದರೆ, "ಇನ್ನಾ ಕೊಟ್ಟಿಲ್ಲ ಚಿಗವ್ವ" ಎಂದು ಶೇಂಗಾ ಸುಲಿಯುತ್ತ ಕೂರುತ್ತಿದ್ದ.

ಇಲ್ಲಿ ನಮ್ಮೂರಿನ ಒಂದು ಗುಣವನ್ನು ಹೇಳಬೇಕು. ಧಾರವಾಡದಲ್ಲಿ ಹುಡುಗರ ಹೆಸರು ಕೇಳುವುದಕ್ಕಿಂತ ಮೊದಲು ಮಾರ್ಕ್ಸ್ ಕೇಳುತ್ತಾರೆ. ಹಾಲು ಹಾಕುವವನಿಗೂ ಓಣಿಯ ಮಕ್ಕಳ ಮಾರ್ಕ್ಸ್ ಬಾಯಿಪಾಠ. ನಾನು ಹುಟ್ಟಿ ಬೆಳೆದದ್ದು ಇಂಥ ನೀರಿನಲ್ಲಿ. ಒಂದು ಅಂಕಿ, ನಡುವೆ ಓರೆ ಗೆರೆ, ಆಚೆ ಇನ್ನೊಂದು ಅಂಕಿ ಕಂಡರೆ ನನಗೆ ಅದು ಮಾರ್ಕ್ಸೇ. ಬೇರೆ ಏನಾದರೂ ಇದ್ದೀತು ಎಂದು ಹೊಳೆಯುತ್ತಲೇ ಇರಲಿಲ್ಲ.

ಆ ಸೋಮವಾರ ಮಲ್ಯಾ ಬರುವುದು ತಡವಾಯಿತು. ನನ್ನ ಲೆಕ್ಕ ಮುಗಿದಿತ್ತು, ನಾನೊಬ್ಬಳೇ ಆಟ ತೆರೆದೆ. ಅವನು ಹೇಳಿದ್ದನಲ್ಲ, ಸರಿಯಾಗಿ ಓದು ಅಂತ. ಚಾಕುವಿನ ಮೇಲೆ ಮೌಸಿನ ಬಾಣ ಇಟ್ಟು ಓದಿದೆ. ಡ್ಯಾಮೇಜ್, ಅಂದರೆ ಒಂದು ಏಟಿನ ಪೆಟ್ಟು, ನಾಲ್ಕರಿಂದ ಎಂಟು. ಅದರ ಕೆಳಗೆ ಸಣ್ಣ ಅಕ್ಷರದಲ್ಲಿ ಒಂದು ಉದ್ದನೆಯ ಶಬ್ದ, ಪಕ್ಕದಲ್ಲಿ 11/40. ನಲವತ್ತಕ್ಕೆ ಹದಿನಾಲ್ಕು ಬಂದರೆ ಪಾಸು, ಇದು ಹನ್ನೊಂದು. ಇಷ್ಟು ದಿನ ನಾವು ಫೇಲಾದ ಚಾಕು ಹಿಡಿದು ಗುದ್ದಾಡುತ್ತಿದ್ದೆವಲ್ಲ! ಆಟದೊಳಗಿನ ಅಂಗಡಿಯಲ್ಲಿ ಒಂದು ಕೊಡಲಿ ಇತ್ತು. ಡ್ಯಾಮೇಜ್ ಹತ್ತರಿಂದ ಮೂವತ್ತು, ಕೆಳಗೆ 38/40. ರ‍್ಯಾಂಕ್ ಬರುವ ಕೊಡಲಿ. ಚಾಕು ಮಾರಿದೆ, ಕೊಡಲಿ ತಗೊಂಡೆ, ಆಟವನ್ನು ಸೇವ್ ಮಾಡಿದೆ. ಮಾರಿದ ಮಾಲು ಆ ಅಂಗಡಿಯಲ್ಲಿ ತಿರುಗಿ ಸಿಗುವುದಿಲ್ಲ ಎಂಬುದು ಆಮೇಲೆ ಗೊತ್ತಾಯಿತು.

ಮಲ್ಯಾ ಬಂದ. ಮುಖ ತೊಳೆದುಕೊಂಡು, ಚಡ್ಡಿಯ ಕಿಸೆಯಲ್ಲಿ ಒಂದು ಕೈ ಇಟ್ಟುಕೊಂಡೇ ನನ್ನ ಪಕ್ಕ ಕೂತ. "ಸುಜಿ, ನಿನಗೊಂದ ಹೇಳೂದಿತ್ತು" ಎಂದ. ನಾನು ಕೇಳಿಸಿಕೊಳ್ಳಬೇಕಲ್ಲ!

"ಮೊದ್ಲ ಇದನ್ನ ನೋಡಲೇ. ಕೊಡ್ಲಿ!"

ಅವನು ನೋಡಿದ. "ಚಾಕು ಎಲ್ಲಿ?"

"ಮಾರಿದೆ. ಅದು ಫೇಲ್ ಇತ್ತೋ. ನಲವತ್ತಕ್ಕ ಹನ್ನೊಂದ! ಅಂಥಾದ್ದನ್ನ ಇಟಗೊಂಡು ಏನ ಮಾಡೂದು? ದಂಡ."

ಅವನು ಕಿಸೆಯಲ್ಲಿದ್ದ ಕೈಯನ್ನು ಇನ್ನಷ್ಟು ಒಳಗೆ ತುರುಕಿದ. ಆಮೇಲೆ, "ಹನ್ನೊಂದ ಬಿದ್ರ ಮಾರಿಬಿಡೂದನ?" ಎಂದು ಕೇಳಿದ. ಕೂಗಲಿಲ್ಲ, ಬಡಿಯಲೂ ಇಲ್ಲ. ಎದ್ದು ಹೊರಗೆ ಹೋಗಿ ಕಟ್ಟೆಯ ಮೇಲೆ ಕೂತ. ಗಿರ್ಮಿಟ್ ಕೊಟ್ಟರೆ ಹಸಿವಿಲ್ಲ ಎಂದ. ಮಲ್ಯಾ ಗಿರ್ಮಿಟ್ ಬೇಡ ಅಂದದ್ದು ಅದೇ ಮೊದಲು, ಅದೇ ಕೊನೆ.

ನನಗೆ ತಲೆ ಕೆಟ್ಟಿತು. ಮೂವತ್ತು ದೊಡ್ಡದೋ ಎಂಟು ದೊಡ್ಡದೋ? ಒಂದನೇ ಇಯತ್ತೆಯ ಮಗುವಿಗೂ ಗೊತ್ತು. ಮರುದಿನ ಖಟ್ಲೆಯನ್ನು ಅವ್ವನ ಮುಂದೆ ಒಯ್ದೆ. ಅವಳು ಅಡಿಗೆ ಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದಳು.

"ಬರೇ ದೊಡ್ಡ ಅಂಕಿ ನೋಡಿ ಕುಣೀಬ್ಯಾಡ. ಏಟು ಎಷ್ಟ ಸಲ ಬೀಳ್ತೈತಿ ಅದನ್ನ ಹೇಳು" ಎಂದಳು.

ನನಗೆ ಗೊತ್ತಿರಲಿಲ್ಲ. ಹಿಟ್ಟಿನ ಕೈಯಲ್ಲೇ ಅವಳು ನಡುಮನೆಗೆ ಬಂದು, ಗೋಡೆ ಗಡಿಯಾರದ ಸೆಕೆಂಡು ಮುಳ್ಳು ನೋಡುತ್ತ ನಿಂತಳು. ನಾನು ಮೌಸ್ ಒತ್ತಿದೆ. ಮೊದಲು ಕೊಡಲಿ, ಆಮೇಲೆ ಚಾಕುವಿನಷ್ಟೇ ಚುರುಕಾದ ಒಂದು ಸಣ್ಣ ಕತ್ತಿ. ಕೊಡಲಿ ಒಂದು ಸಲ ಬೀಸುವುದರೊಳಗೆ ಅದು ನಾಲ್ಕು ಸಲ ಬೀಸುತ್ತಿತ್ತು. ಅವ್ವ ಸ್ಲೇಟು ತರಿಸಿದಳು.

"ನಾಲ್ಕರಿಂದ ಎಂಟು, ಸರಾಸರಿ ಆರು. ಆರು ನಾಲ್ಕಲೆ ಇಪ್ಪತ್ನಾಲ್ಕು. ಕೊಡ್ಲೀದು ಹತ್ತರಿಂದ ಮೂವತ್ತು, ಸರಾಸರಿ ಇಪ್ಪತ್ತು. ಒಂದ ಏಟು, ಇಪ್ಪತ್ತ ಒಂದಲೆ ಇಪ್ಪತ್ತು. ಯಾವುದು ಹೆಚ್ಚಾತು?"

"ಚಾಕು" ಎಂದೆ, ಧ್ವನಿ ಬಾವಿಯೊಳಗಿಂದ ಬಂದ ಹಾಗೆ.

"ಹಂಗಾರ ಮಲ್ಯಾಂದ ಖರೇ. ಹೋಗು, ತಪ್ಪಾತು ಅನ್ನು."

ಹೋಗಿ ಅಂದೆ. ಸ್ಲೇಟು ತೋರಿಸಿ, ನಿನ್ನ ಚಾಕುವೇ ಛಲೋ ಇತ್ತು, ನಂದ ತಪ್ಪು, ಈಗ ಬಾ ಆಡೋಣ ಅಂದೆ. ಅವನು ಸ್ಲೇಟನ್ನು ನೋಡಿ, "ಹೌದನ" ಎಂದು ಲೆಕ್ಕದ ಪುಸ್ತಕಕ್ಕೆ ತಿರುಗಿದ. ನನಗೆ ಇನ್ನೂ ಗೊಂದಲವಾಯಿತು. ಗೆದ್ದವನು ಇವನು, ತಪ್ಪೊಪ್ಪಿಕೊಂಡವಳು ನಾನು, ಮತ್ತೇಕೆ ಈ ಮುನಿಸು? ಅದಿರಲಿ, ಅವ್ವನ ಲೆಕ್ಕದ ಪ್ರಕಾರ ಚಾಕುವೇ ಹೆಚ್ಚಾದರೆ ಕಲ್ಲಿನವನು ಮೂರು ದಿನ ಯಾಕೆ ಸಾಯಲಿಲ್ಲ? ಅವ್ವನನ್ನು ಕೇಳಿದರೆ, "ನನ್ನ ಲೆಕ್ಕ ಸರಿ ಐತಿ. ನಿಮ್ಮ ಆಟನ ತಪ್ಪಿರಬೇಕು" ಎಂದಳು.

ಉಳಿದ ನಾಲ್ಕು ಸಂಜೆ ಮಲ್ಯಾ ಮೌಸ್ ಮುಟ್ಟಲಿಲ್ಲ. ನಾನು ಕರೆದೆ, ಬೈದೆ, ನನ್ನ ಪಾಲಿನ ಫೇಡೆ ಕೊಡುತ್ತೇನೆಂದೆ. ಬರಲಿಲ್ಲ. ನಾನೊಬ್ಬಳೇ ಕೂತು ಸೇತುವೆಯ ಈಚೆ ನಿಂತು ದೀಪ ನೋಡಿ ಆಟ ಮುಚ್ಚುತ್ತಿದ್ದೆ. ಹೊಡೆಯುವುದು ನನ್ನ ಕೆಲಸ ಆಗಿರಲಿಲ್ಲ. ಶನಿವಾರ ದೊಡ್ಡವ್ವ ಬಂದು ಅವನನ್ನು ಕರೆದುಕೊಂಡು ಹೋದಳು. ಪ್ರವೇಶ ಪರೀಕ್ಷೆಯಲ್ಲಿ ಅವನ ನಂಬರು ಬರಲಿಲ್ಲ. ಆ ಮೇಲಿನ ಬೇಸಿಗೆಗಳಲ್ಲಿ ಅವನು ಧಾರವಾಡಕ್ಕೆ ಬಂದು ಉಳಿಯಲೂ ಇಲ್ಲ.

ಈಗ ನಾನು ಹುಬ್ಬಳ್ಳಿಯ ಒಂದು ಕಾಲೇಜಿನಲ್ಲಿ ಸಂಖ್ಯಾಶಾಸ್ತ್ರ ಕಲಿಸುತ್ತೇನೆ. ಹೋದ ಬೇಸಿಗೆಯಲ್ಲಿ ಸರಾಸರಿಯ ಪಾಠಕ್ಕೆ ಉದಾಹರಣೆ ಹುಡುಕುತ್ತಿದ್ದಾಗ ಇಂಟರ್‌ನೆಟ್ಟಿನಲ್ಲಿ ಆ ಹಳೆಯ ಆಟವೇ ಎದುರಾಯಿತು. ಯಾರೋ ಪುಣ್ಯಾತ್ಮರು ಅದರ ಒಳಲೆಕ್ಕವನ್ನೆಲ್ಲ ಬಿಡಿಸಿ ಬರೆದಿದ್ದರು. ಕಾಗದ ತಗೊಂಡು ಕೂತೆ. ಕಲ್ಲಿನವನ ಮೈಗೆ ಕವಚವಿದೆ. ಅದು ಪ್ರತಿ ಏಟಿನಿಂದ ಐದನ್ನು ಕಳೆಯುತ್ತದೆ. ಚಾಕುವಿನ ಆರರಲ್ಲಿ ಐದು ಹೋದರೆ ಒಂದು, ನಾಲ್ಕು ಏಟಿಗೆ ನಾಲ್ಕೇ. ಕೊಡಲಿಯ ಇಪ್ಪತ್ತರಲ್ಲಿ ಐದು ಹೋದರೆ ಹದಿನೈದು. ಅವನ ಜೀವ ಮುನ್ನೂರು. ಇಪ್ಪತ್ತು ಏಟು, ಅಷ್ಟೇ! ನಮ್ಮ ಕೈಯಲ್ಲಿ ನಾಲ್ಕು ಸಂಜೆಗಳಿದ್ದವು. ಇನ್ನು ಆ ಹನ್ನೊಂದು? ಅದು ಚಾಕು ಎಷ್ಟು ಸವೆದಿದೆ ಎಂಬುದರ ಗುರುತು. ಮೂರು ಊರು ದಾಟಿಸಿ ದುಡಿದು ದುಡಿದು ಹನ್ನೊಂದಕ್ಕೆ ಇಳಿದಿತ್ತು. ಆಟದ ಕಮ್ಮಾರನ ಹತ್ತಿರ ಒಯ್ದಿದ್ದರೆ ನಲವತ್ತಕ್ಕೆ ನಲವತ್ತು ಮಾಡಿಕೊಡುತ್ತಿದ್ದ.

ಅವ್ವನಿಗೆ ತೋರಿಸಿದೆ. ಕನ್ನಡಕ ಏರಿಸಿಕೊಂಡು ನೋಡಿ, "ಅಯ್ಯ, ಕಳಿಯೂದನ್ನ ಬಿಟ್ಟಿದ್ನಲ್ಲ!" ಎಂದು ಹಣೆ ಬಡಿದುಕೊಂಡಳು.

ಮಲ್ಯಾನಿಗೆ ಫೋನ್ ಮಾಡಿದೆ. ಅವನು ಶಿರಗುಪ್ಪಿಯಲ್ಲಿ ಹೊಲದ ಜೊತೆಗೆ ಪಂಪ್‌ಸೆಟ್ ರಿಪೇರಿ ಮಾಡುತ್ತಾನೆ. ಸುತ್ತಲಿನ ನಾಲ್ಕು ಹಳ್ಳಿಯ ಮೋಟಾರು ಕೆಟ್ಟರೆ ಅವನೇ ಬೇಕು.

"ಲೇ ಮಲ್ಯಾ, ಆ ಕೊಡ್ಲಿ ಸರಿ ಇತ್ತೋ. ನಾವು ಗೆಲ್ತಿದ್ವಿ" ಎಂದೆ.

ಅವನು ನಕ್ಕ. "ಕಲ್ಲಿಗೆ ಕುಡಗೋಲು ಹತ್ತಂಗಿಲ್ಲ ಅನ್ನೂದನ್ನ ನನಗ ಸಂಖ್ಯಾಶಾಸ್ತ್ರ ಹೇಳಬೇಕೇನ್ರಿ ಮೇಡಮ್ಮಾರ? ಕೊಡ್ಲಿ ನೋಡಿದ ಕೂಡ್ಲೆ ಅನಿಸಿತ್ತು, ಇದು ಒಡೀತೈತಿ ಅಂತ."

"ಮತ್ಯಾಕ ಆಡ್ಲಿಲ್ಲ?"

ಹಿಂದೆ ಎಲ್ಲೋ ಮೋಟಾರು ಗುರುಗುಟ್ಟುತ್ತಿತ್ತು. ಅದನ್ನು ಬಂದ್ ಮಾಡಿಸಿ ಅವನು ಹೇಳಿದ.

"ಅವತ್ತ ಟೆಸ್ಟಿನ ಪೇಪರ್ ಕೊಟ್ಟಿದ್ರು ಸುಜಿ. ನಂದೂ ನಲವತ್ತಕ್ಕ ಹನ್ನೊಂದ ಇತ್ತು. ಕಿಸೆದಾಗ ಇಟಗೊಂಡ ಬಂದಿದ್ದೆ. ನಿನಗ ತೋರಸೂಣು, ನೀ ಹೆಂಗರ ಮಾಡಿ ಚಿಗವ್ವಗ ಹೇಳ್ತಿ ಅಂತ."

"ಹೋಗ್ಲಿ ಬಿಡವಾ, ಹಳೇದು" ಎಂದು ಅವನೇ ಮಾತು ಮುಗಿಸಿದ.

ಆ ಕಂಪ್ಯೂಟರ್ ಯಾವಾಗ ಗುಜರಿಗೆ ಹೋಯಿತೋ ಗೊತ್ತಿಲ್ಲ. ಗರಗದ ಗವುಸು ಬಹಳ ದಿನ ಒರೆಸುವ ಅರಿವೆಯಾಗಿ ಅಡಿಗೆ ಮನೆಯಲ್ಲಿ ಓಡಾಡಿತು. ಮಾಳಮಡ್ಡಿಯ ಆ ಮನೆ ಬಿಟ್ಟು ನಾವು ಬೇರೆ ಕಡೆ ಬಂದೆವು. ಇವೆಲ್ಲ ಎಲ್ಲರಿಗೂ ಹೋಗುವಂಥವೇ, ಅದಕ್ಕೆ ನಾನು ಅತ್ತಿಲ್ಲ. ಹನ್ನೆರಡು ವರ್ಷದ ಒಬ್ಬ ಹುಡುಗ ಫೇಲಾದ ಪೇಪರನ್ನು ಕಿಸೆಯಲ್ಲಿ ಮಡಚಿಕೊಂಡು, ಸಪ್ತಾಪುರದಿಂದ ಬಿಸಿಲಲ್ಲಿ ನಡೆದು, ಇಡೀ ಧಾರವಾಡದಲ್ಲಿ ಅದನ್ನು ತೋರಿಸಲು ನನ್ನೊಬ್ಬಳನ್ನೇ ಆರಿಸಿಕೊಂಡು ಬಂದಿದ್ದ. ಮೂವತ್ತಕ್ಕೂ ಹೆಚ್ಚು ಬೇಸಿಗೆ ನೋಡಿದ್ದೇನೆ. ಅಷ್ಟು ನಂಬಿ ಯಾರೂ ನನ್ನ ಪಕ್ಕದಲ್ಲಿ ಮತ್ತೆ ಬಂದು ಕೂತಿಲ್ಲ.